ಮೂವತ್ತು ಜೀವದ ಗುಟ್ಟು

ಹನುಮಂತನಗರದ ಐವತ್ತಡಿ ರಸ್ತೆಯಿಂದ ಒಳಗೆ ಸರಿದ ಒಂದು ಅಡ್ಡರಸ್ತೆಯ ಮನೆ ಎಂದಿಟ್ಟುಕೊಳ್ಳಿ. ಭಾನುವಾರದ ಸಂಜೆ. ಅಜ್ಜಿ ಪಡಸಾಲೆಯಲ್ಲಿ ಕೂತು ಹೂಬತ್ತಿ ಹೊಸೆಯುತ್ತಿದ್ದಾರೆ. ಎಂಟನೇ ತರಗತಿಯ ಮೊಮ್ಮಗ ಅಪ್ಪನ ಹಳೆಯ ಲ್ಯಾಪ್‌ಟಾಪಿನ ಮುಂದೆ ತುಟಿಯಲ್ಲೇ ಏನೋ ಜಪಿಸುತ್ತಿದ್ದಾನೆ: ‘ಮೇಲೆ ಮೇಲೆ, ಕೆಳಗೆ ಕೆಳಗೆ, ಎಡ ಬಲ, ಎಡ ಬಲ, ಬಿ, ಎ...’ ಮರುಕ್ಷಣವೇ ‘ಮೂವತ್ತು ಲೈಫ್ ಬಂತು!’ ಎಂಬ ಕೇಕೆ.

‘ಮೂರಿದ್ದದ್ದು ಮೂವತ್ತು ಹೇಗಾಯ್ತೋ? ಮೋಸ ಅಲ್ವೇನೋ ಅದು?’ ಎಂದು ಅಜ್ಜಿ ಕೇಳುತ್ತಾರೆ. ಚೌಕಾಬಾರದಲ್ಲಿ ಕವಡೆಯನ್ನು ಅಂಗೈಯಲ್ಲೇ ಹೊಂದಿಸಿಕೊಂಡು ಬೇಕಾದ ಗರ ಬೀಳಿಸುವವರನ್ನು ಅವರು ಸಾಕಷ್ಟು ಕಂಡಿದ್ದಾರೆ. ‘ಇವತ್ತು ಆಟದಲ್ಲಿ, ನಾಳೆ ಪರೀಕ್ಷೆಯಲ್ಲಿ’ ಎಂದು ಅಡುಗೆಮನೆಯಿಂದ ಅಮ್ಮನ ದನಿ. ಅಪ್ಪ ಮಾತ್ರ ಏನೂ ಹೇಳುವುದಿಲ್ಲ. ಹೇಳುವಂತೆಯೂ ಇಲ್ಲ. ಹುಡುಗನಿಗೆ ಈ ಮಂತ್ರ ಕಲಿಸಿಕೊಟ್ಟವರೇ ಅವರು!

ಅಪ್ಪನ ಬಾಲ್ಯ 1990ರ ದಶಕದ್ದು. ಆಗ ಬೆಂಗಳೂರಿನ ಮನೆಗಳಿಗೆ ‘ಟಿವಿ ಗೇಮ್’ ಬಂದಿತ್ತು. ಜಪಾನಿನ ನಿಂಟೆಂಡೊ ಕಂಪನಿ 1983ರಲ್ಲಿ ಹೊರತಂದ ಫ್ಯಾಮಿಕಾಮ್ ಯಂತ್ರದ ನಕಲುಗಳು ಅವು. ಸಾಮುರಾಯ್, ಲಿಟಲ್ ಮಾಸ್ಟರ್ ಮುಂತಾದ ಹೆಸರುಗಳಲ್ಲಿ ಮಾರಾಟವಾಗುತ್ತಿದ್ದವು. ಒಂದು ಕ್ಯಾಸೆಟ್ಟಿನ ಮೇಲೆ ‘9999999 ಆಟಗಳು’ ಎಂದು ಅಚ್ಚಾಗಿರುತ್ತಿತ್ತು. ಒಳಗೆ ನೋಡಿದರೆ ಅದೇ ಹತ್ತಿಪ್ಪತ್ತು ಆಟಗಳು, ಬೇರೆ ಬೇರೆ ಹೆಸರಿನಲ್ಲಿ ಮತ್ತೆ ಮತ್ತೆ. ಬೇಸಿಗೆ ರಜೆಯಲ್ಲಿ ಒಬ್ಬರ ಮನೆಯಲ್ಲಿ ಗೇಮ್ ಇದ್ದರೆ ಇಡೀ ಬೀದಿಯ ಮಕ್ಕಳು ಅಲ್ಲೇ. ಕೋಡು ಬಾಯಿಂದ ಬಾಯಿಗೆ ಹರಿದು ಬರುತ್ತಿತ್ತು. ಯಾರು ಬರೆದರು, ಏಕೆ ಬರೆದರು ಎಂದು ಕೇಳಿದವರಿಲ್ಲ.

ಬರೆದವರು ಕಝುಹಿಸಾ ಹಶಿಮೊಟೊ. ಜಪಾನಿನ ಕೊನಾಮಿ ಕಂಪನಿಯಲ್ಲಿ ಪ್ರೋಗ್ರಾಮರ್. ‘ಗ್ರೇಡಿಯಸ್’ ಎಂಬ ಆಟವನ್ನು ಫ್ಯಾಮಿಕಾಮ್‌ಗೆ ಒಗ್ಗಿಸುವ ಕೆಲಸ ಅವರ ಪಾಲಿಗೆ ಬಂತು. ಆ ಆಟ 1986ರಲ್ಲಿ ಬಿಡುಗಡೆಯಾಯಿತು. ಕೊನೆಯ ಹಂತದವರೆಗೂ ಎಲ್ಲ ಸರಿಯಾಗಿದೆಯೇ ಎಂದು ಪರೀಕ್ಷಿಸಬೇಕಲ್ಲ? ಆದರೆ ತಾವೇ ಬರೆಯುತ್ತಿದ್ದ ಆಟವನ್ನು ಗೆಲ್ಲುವುದು ಅವರಿಗೆ ಆಗುತ್ತಿರಲಿಲ್ಲ! ಅಷ್ಟು ಕಷ್ಟದ ಆಟ. ಅದಕ್ಕೇ ಎಲ್ಲ ಆಯುಧಗಳೂ ಒಮ್ಮೆಗೇ ಕೈಗೆ ಬರುವಂತೆ, ತಮಗೆ ನೆನಪಿಡಲು ಸುಲಭವಾದ ಒಂದು ಗುಂಡಿ ಸರಣಿಯನ್ನು ಹೆಣೆದುಕೊಂಡರು. ಬಿಡುಗಡೆಯಾದ ಆಟದಲ್ಲೂ ಅದು ಉಳಿದುಬಿಟ್ಟಿತು. 1988ರಲ್ಲಿ ‘ಕಾಂಟ್ರಾ’ ಬಂದಾಗ ಅದೇ ಸರಣಿ ಮೂರು ಜೀವದ ಬದಲು ಮೂವತ್ತು ಕೊಡತೊಡಗಿತು. ಹಶಿಮೊಟೊ 2020ರ ಫೆಬ್ರವರಿಯಲ್ಲಿ ತೀರಿಕೊಂಡರು.

ಹೀಗೆ ನಾವು ಮೋಸದ ಕೋಡು ಎನ್ನುವುದು ಹುಟ್ಟಿದ್ದು ಕೆಲಸಗಾರನ ಉಪಕರಣವಾಗಿ. ಮನೆ ಕಟ್ಟುವ ಮೇಸ್ತ್ರಿ ಸಾರವೆ ಬಿಚ್ಚುವುದನ್ನು ಮರೆತು ಹೋದಂತೆ.

ಇಂದು ಆ ಯಂತ್ರಗಳು ಅಟ್ಟ ಸೇರಿವೆ, ಇಲ್ಲವೇ ಗುಜರಿಗೆ ಹೋಗಿವೆ. ಆಟಗಳು ಬದುಕಿರುವುದು ‘ಎಮ್ಯುಲೇಟರ್’ಗಳಲ್ಲಿ. ಎಮ್ಯುಲೇಟರ್ ಎಂದರೆ ಹಳೆಯ ಯಂತ್ರದ ವೇಷ ಹಾಕಿ ಅದರಂತೆಯೇ ನಡೆದುಕೊಳ್ಳುವ ಒಂದು ಪ್ರೋಗ್ರಾಮು. ವೇಷಧಾರಿಗೆ ಮೂಲ ಯಂತ್ರಕ್ಕಿಲ್ಲದ ಒಂದು ಗುಣವಿದೆ, ಹೊಟ್ಟೆಯೊಳಗಿನದನ್ನು ತೆಗೆದು ತೋರಿಸುತ್ತದೆ. ಫ್ಯಾಮಿಕಾಮ್‌ನ ಕೆಲಸದ ಸ್ಮೃತಿ ಬರೀ 2 ಕಿಲೋಬೈಟ್, ಅಂದರೆ 2048 ಗೂಡುಗಳು. ಒಂದೊಂದು ಗೂಡಿನಲ್ಲಿ 0ಯಿಂದ 255ರವರೆಗೆ ಒಂದು ಸಂಖ್ಯೆ. ಅಳಗುಳಿ ಮಣೆಯಲ್ಲಿ ಹುಣಸೆಬೀಜ ತುಂಬಿದ ಹಾಗೆ. ನಾಯಕ ನಿಂತಿರುವ ಜಾಗ, ಗಳಿಸಿದ ಅಂಕ, ಉಳಿದ ಜೀವ, ಎಲ್ಲವೂ ಅಲ್ಲೇ.

ಸೂಪರ್ ಮಾರಿಯೊ ಬ್ರದರ್ಸ್ ಆಟವನ್ನು (1985) ತೆಗೆದುಕೊಳ್ಳಿ. ಜೀವಗಳ ಲೆಕ್ಕ ಯಾವ ಗೂಡಿನಲ್ಲಿದೆ? ಹುಡುಕುವ ವಿಧಾನ ಪತ್ತೇದಾರಿ ಕಾದಂಬರಿಯಂಥದು. ಎಲ್ಲ ಗೂಡುಗಳ ಸಂಖ್ಯೆಯನ್ನೂ ಒಮ್ಮೆ ನೆನಪಿಟ್ಟುಕೊಳ್ಳಲು ಎಮ್ಯುಲೇಟರಿಗೆ ಹೇಳುವುದು. ಬೇಕೆಂದೇ ಮಾರಿಯೊನನ್ನು ಹಳ್ಳಕ್ಕೆ ಬೀಳಿಸುವುದು. ‘ಒಂದು ಕಡಿಮೆಯಾದ ಗೂಡುಗಳನ್ನು ಮಾತ್ರ ತೋರಿಸು’ ಎನ್ನುವುದು. ಪಟ್ಟಿ ಚಿಕ್ಕದಾಗುತ್ತದೆ. ಸ್ವಲ್ಪ ಹೊತ್ತು ಸುಮ್ಮನೆ ಓಡಾಡಿಸಿ, ‘ಬದಲಾಗದೆ ಉಳಿದವನ್ನು ತೋರಿಸು’ ಎನ್ನುವುದು. ಇನ್ನೂ ಚಿಕ್ಕದು. ಹೀಗೆ ಶಂಕಿತರನ್ನು ಒಬ್ಬೊಬ್ಬರನ್ನಾಗಿ ಬಿಡುತ್ತ ಬಂದರೆ ಕೊನೆಗೆ ಬೆರಳೆಣಿಕೆಯಷ್ಟು ಗೂಡು. ಪರದೆಯ ಮೇಲೆ ಮೂರು ಕಾಣುತ್ತದೆಂದು ಮೊದಲಿಗೇ 3ನ್ನು ಹುಡುಕಿದವರು ಬರಿಗೈಲಿ ಮರಳುತ್ತಾರೆ. ಏಕೆಂದರೆ ಆ ಆಟ ತೋರಿಸುವುದಕ್ಕಿಂತ ಒಂದು ಕಡಿಮೆ ಬರೆದಿಡುತ್ತದೆ. ಗೂಡಿನಲ್ಲಿರುವುದು 2.

ಇನ್ನೊಂದು ದಾರಿಯಿದೆ. ಬ್ರಿಟನ್ನಿನ ಕೋಡ್‌ಮಾಸ್ಟರ್ಸ್ ಎಂಬ ಸಂಸ್ಥೆ ‘ಗೇಮ್ ಜೀನಿ’ ಎಂಬ ಸಾಧನ ಮಾಡಿತ್ತು. ಕ್ಯಾಸೆಟ್ಟಿಗೂ ಯಂತ್ರಕ್ಕೂ ನಡುವೆ ಕೂತು, ಹೋಗುವ ಸಂದೇಶವನ್ನು ತಿದ್ದಿ ಕಳಿಸುವ ಮಧ್ಯವರ್ತಿ ಅದು. ಮಾರಿಯೊ ಆಟಕ್ಕೆ ‘ಎಸ್‌ಎಕ್ಸ್‌ಐಒಪಿಒ’ ಎಂಬ ಆರಕ್ಷರ ಕೊಟ್ಟರೆ ಜೀವ ಮುಗಿಯುವುದೇ ಇಲ್ಲ. ಎಮ್ಯುಲೇಟರುಗಳಲ್ಲೂ ಈ ಅಕ್ಷರಗಳು ನಡೆಯುತ್ತವೆ. ಇದರ ಒಳಗುಟ್ಟು ಸೊಗಸಾದದ್ದು. ಆರಕ್ಷರದಲ್ಲಿ ಒಂದು ವಿಳಾಸ ಮತ್ತು ಒಂದು ಸಂಖ್ಯೆ ಅಡಗಿವೆ. ಆ ವಿಳಾಸದಲ್ಲಿ ಮೂಲತಃ ಇರುವುದು 206. ಪ್ರೊಸೆಸರಿನ ಭಾಷೆಯಲ್ಲಿ ‘ಆ ಗೂಡಿನಿಂದ ಒಂದು ಕಳೆ’ ಎಂಬ ಆಜ್ಞೆ. ಅದರ ಜಾಗದಲ್ಲಿ ಕೋಡು ಕೂರಿಸುವುದು 173ನ್ನು. ಅದರರ್ಥ ‘ಆ ಗೂಡನ್ನು ಸುಮ್ಮನೆ ಓದು’. ಮಾರಿಯೊ ಸಾಯುತ್ತಾನೆ, ಯಂತ್ರ ಲೆಕ್ಕದ ಪುಸ್ತಕ ತೆರೆದು ನೋಡಿ ಮುಚ್ಚಿಡುತ್ತದೆ. ಕಳೆಯುವುದು ಅದಕ್ಕೆ ಹೊಳೆಯುವುದೇ ಇಲ್ಲ!

ನಿಂಟೆಂಡೊಗೆ ಇದು ಸಹಿಸಲಿಲ್ಲ. ಅಮೆರಿಕದಲ್ಲಿ ಗೇಮ್ ಜೀನಿ ಮಾರಹೊರಟ ಗಲೂಬ್ ಕಂಪನಿಯ ವಿರುದ್ಧ ಕೃತಿಸ್ವಾಮ್ಯದ ದಾವೆ ನಡೆಯಿತು. 1991ರಲ್ಲಿ ನ್ಯಾಯಾಲಯ ಗಲೂಬ್ ಪರ ತೀರ್ಪಿತ್ತಿತು, 1992ರಲ್ಲಿ ಮೇಲ್ಮನವಿ ನ್ಯಾಯಾಲಯ ಅದನ್ನೇ ಎತ್ತಿಹಿಡಿಯಿತು. ಹಣ ಕೊಟ್ಟು ಆಟ ಕೊಂಡವರು ತಮ್ಮ ಮನೆಯಲ್ಲಿ, ತಮ್ಮ ಸಂತೋಷಕ್ಕೆ ಬೇರೆ ರೀತಿ ಆಡಿಕೊಂಡರೆ ತಪ್ಪಿಲ್ಲ ಎಂಬುದು ತೀರ್ಪಿನ ಸಾರ. ‘ಹಣ ಕೊಟ್ಟು’ ಎಂಬ ಮಾತನ್ನು ಹೆತ್ತವರು ಗಮನಿಸಬೇಕು. ಹಳೆಯದಾದ ಮಾತ್ರಕ್ಕೆ ಆಟದ ಹಕ್ಕು ಅಳಿಯುವುದಿಲ್ಲ. ಎಲ್ಲಿಂದಲೋ ಇಳಿಸಿಕೊಂಡ ಪ್ರತಿಗೆ ಕಾನೂನಿನ ರಕ್ಷೆ ಇಲ್ಲ. ಹವ್ಯಾಸಿಗಳು ಈಗಲೂ ಇದೇ ಯಂತ್ರಕ್ಕೆ ಹೊಸ ಆಟ ಬರೆದು ಉಚಿತವಾಗಿ ಹಂಚುತ್ತಾರೆ. ಹುಡುಕಾಟ ಕಲಿಯಲು ಅವು ಧಾರಾಳ ಸಾಕು.

ಇನ್ನು ಅಮ್ಮನ ಆತಂಕ. ಅದನ್ನು ತಳ್ಳಿಹಾಕುವಂತಿಲ್ಲ. ಒಬ್ಬನೇ ಕೂತು ಆಡುವ ಆಟದಲ್ಲಿ ಸೋಲುವ ಇನ್ನೊಬ್ಬರಿಲ್ಲ, ನಿಜ. ಚೌಕಾಬಾರದಲ್ಲಿ ಎದುರಿಗೆ ಅತ್ತೆಯ ಮಗಳು ಇರುತ್ತಾಳೆ. ಅವಳ ಕಾಯಿ ಹೊಡೆಯಲು ಕವಡೆ ಹೊಂದಿಸಿದರೆ ಅದು ಮೋಸವೇ. ಅಂತರಜಾಲದಲ್ಲಿ ನಾಲ್ಕು ಜನರೊಡನೆ ಆಡುವ ಆಟವೂ ಹಾಗೆಯೇ. 2018ರಲ್ಲಿ ಶಾಂಘೈಯ ಕೌಂಟರ್ ಸ್ಟ್ರೈಕ್ ಪಂದ್ಯಾವಳಿಯಲ್ಲಿ ಭಾರತೀಯ ತಂಡದ ಒಬ್ಬ ಆಟಗಾರನ ಕಂಪ್ಯೂಟರಿನಲ್ಲಿ ಗುರಿ ತಿದ್ದುವ ಕಳ್ಳ ಪ್ರೋಗ್ರಾಮು ಸಿಕ್ಕಿತು. ಅವನೊಬ್ಬನಿಂದ ಇಡೀ ತಂಡ ಹೊರಬಿತ್ತು. ಅವನಿಗೆ ಐದು ವರ್ಷ ನಿಷೇಧ.

ಒಂಟಿ ಆಟದಲ್ಲೂ ಒಂದು ನಷ್ಟ ಉಂಟು. ಕಾಂಟ್ರಾದಲ್ಲಿ ಒಂದೇ ಗುಂಡು ತಾಗಿದರೂ ಜೀವ ಹೋಯಿತು. ಮೂರೇ ಜೀವವಿದ್ದಾಗ ಗುಂಡು ಯಾವ ಕಡೆಯಿಂದ ಬರುತ್ತದೆಂದು ಕಣ್ಣಿಟ್ಟು ಕಲಿಯಬೇಕಾಗುತ್ತದೆ. ಮೂವತ್ತಿದ್ದಾಗ ನೋಡುವವರು ಯಾರು? ಯಾರೋ ಬರೆದ ಕೋಡನ್ನು ಒತ್ತಿ ಗೆದ್ದ ಹುಡುಗನಿಗೆ ಆಟವೂ ಬರಲಿಲ್ಲ, ಯಂತ್ರವೂ ತಿಳಿಯಲಿಲ್ಲ. ಗೂಡನ್ನು ತಾನೇ ಹುಡುಕಿದವನ ಕಥೆ ಬೇರೆ.

ಹನುಮಂತನಗರದ ಆ ಮನೆಗೇ ಮರಳೋಣ. ಅಪ್ಪ ಈಗ ಪಕ್ಕಕ್ಕೆ ಕುರ್ಚಿ ಎಳೆದುಕೊಂಡಿದ್ದಾರೆ. ಕಾಂಟ್ರಾ ಹೋಗಿ ಮಾರಿಯೊ ಬಂದಿದೆ. ಮಾರಿಯೊ ಆರು ಸಲ ಹಳ್ಳಕ್ಕೆ ಬಿದ್ದ ಮೇಲೆ ಗೂಡು ಸಿಕ್ಕಿದೆ. ಹುಡುಗ ಬಿಟ್ಟಾನೆಯೇ? ಗೂಡಿಗೆ ಹಿಡಿಯುವ ಅತಿ ದೊಡ್ಡ ಸಂಖ್ಯೆಯನ್ನೇ ತುಂಬುತ್ತಾನೆ: 255. ಗತ್ತಿನಿಂದ ಮಾರಿಯೊನನ್ನು ಓಡಿಸಿ, ಒಮ್ಮೆ ಬೀಳಿಸುತ್ತಾನೆ.

ಗೇಮ್ ಓವರ್!

‘ಅತಿಯಾಸೆ ಕಣೋ’ ಎಂದು ಅಜ್ಜಿ ನಗುತ್ತಾರೆ. ಹುಡುಗನಿಗೆ ನಗು ಬರುವುದಿಲ್ಲ. ಇನ್ನೂರೈವತ್ತೈದು ಜೀವ ಎಲ್ಲಿ ಹೋಯಿತು? ಅಪ್ಪ ಹಳೆಯ ನೋಟ್‌ಬುಕ್ಕಿನ ಹಿಂಬದಿಯಲ್ಲಿ ಎಂಟು ಚೌಕ ಬರೆಯುತ್ತಾರೆ. ಒಂದು ಬೈಟಿನಲ್ಲಿ ಎಂಟು ಬಿಟ್. ಜೀವವೊಂದನ್ನು ಕಳೆದ ಮೇಲೆ ಆಟ ನೋಡುವುದು ಎಡತುದಿಯ ಬಿಟ್ಟನ್ನು. ಅಲ್ಲಿ 1 ಇದ್ದರೆ ಅದು ಋಣ ಸಂಖ್ಯೆ, ಅಂದರೆ ಜೀವ ಮುಗಿದಿದೆ ಎಂದು ಅದರ ಲೆಕ್ಕ. ಮಾಮೂಲಾಗಿ ಆಡುವವರು ಸೊನ್ನೆಯಿಂದ ಕೆಳಗೆ ಜಾರಿದಾಗ ಹಾಗಾಗುತ್ತದೆ. 255ರಿಂದ ಒಂದು ಕಳೆದರೆ 254, ಅದರ ಎಡತುದಿಯಲ್ಲೂ 1 ಇದೆ. ಆಟದ ಕಣ್ಣಿಗೆ ಅದು ಸೊನ್ನೆಗಿಂತ ಕೆಳಗಿನ ಸಂಖ್ಯೆ. ಪ್ರಥಮ ಪಿಯುಸಿ ಗಣಕವಿಜ್ಞಾನದ ಸಂಖ್ಯಾಪದ್ಧತಿಯ ಪಾಠ ಹುಡುಗನಿಗೆ ಮೂರು ವರ್ಷ ಮೊದಲೇ ಮನೆಗೆ ಬಂದಿದೆ.

‘ಹಾಗಾದ್ರೆ ಎಷ್ಟು ಹಾಕ್ಬೇಕಪ್ಪಾ?’

‘ನೀನೇ ಹೇಳು.’

ಎಂಟು ಚೌಕಗಳಲ್ಲಿ ಮೊದಲನೆಯದಕ್ಕೆ ಸೊನ್ನೆ ಬರೆದು, ಉಳಿದ ಏಳಕ್ಕೂ ಒಂದು ಬರೆದು ಹುಡುಗ ಬೆರಳು ಮಡಿಸುತ್ತ ಕೂಡಿಸತೊಡಗುತ್ತಾನೆ. ಅರವತ್ತನಾಲ್ಕು, ಮೂವತ್ತೆರಡು, ಹದಿನಾರು... ಊಟಕ್ಕೆ ಬನ್ನಿ ಎಂದು ಅಮ್ಮ ಎರಡನೇ ಸಲ ಕರೆಯುವ ಹೊತ್ತಿಗೆ ಉತ್ತರ ಬಂದಿದೆ: 127.