ಕ್ಯಾಮೆರಾದ ಆಚೆಗಿರುವ ಮಗು

ಮಕ್ಕಳ ಕಾರ್ಯಕ್ರಮದ ನಿರೂಪಕರಾಗಲು ಏನು ಬೇಕು? ಚೆಲುವಾದ ಮುಖ, ಇಂಪಾದ ಕಂಠ ಎಂದು ನೀವು ಹೇಳಬಹುದು. ಅವು ಇದ್ದರೆ ಒಳ್ಳೆಯದೇ. ಆದರೆ ಕಣ್ಣಿಗೆ ಕಾಣದ ಮಗುವಿನೊಡನೆ ಮಾತನಾಡಲು ಬರುವುದು ಅದಕ್ಕಿಂತ ಮುಖ್ಯ.

ನಮ್ಮ ರಾಜ್ಯದಲ್ಲಿ ಈ ಕೆಲಸದ ದೊಡ್ಡ ಪರೀಕ್ಷೆ ನಡೆದದ್ದು 1975ರ ಆಗಸ್ಟ್ 1ರಿಂದ 1976ರ ಜುಲೈ 31ರವರೆಗೆ. ‘ಸೈಟ್’ ಎಂಬ ಆ ಉಪಗ್ರಹ ಶಿಕ್ಷಣ ಪ್ರಯೋಗದ ಆರು ರಾಜ್ಯಗಳಲ್ಲಿ ಕರ್ನಾಟಕವೂ ಒಂದು. ದೇಶದ ಸುಮಾರು 2,400 ಹಳ್ಳಿಗಳಲ್ಲಿ ಟಿ.ವಿ. ಪೆಟ್ಟಿಗೆ ಇಡಲಾಯಿತು, ನಮ್ಮಲ್ಲಿ ಇಂದಿನ ವಿಜಯಪುರ, ಕಲಬುರಗಿ, ರಾಯಚೂರು ಭಾಗದ ಹಳ್ಳಿಗಳು. ಬೆಳಿಗ್ಗೆ 5ರಿಂದ 12 ವರ್ಷದ ಮಕ್ಕಳಿಗೆ, ಸಂಜೆ ದೊಡ್ಡವರಿಗೆ ಪ್ರಸಾರ.

2020ರಲ್ಲಿ ಕೊರೋನಾ ಕಾರಣ ಶಾಲೆಗಳು ಮುಚ್ಚಿದಾಗ ಶಿಕ್ಷಕರೇ ನಿರೂಪಕರಾದರು. ಜುಲೈನಲ್ಲಿ ಚಂದನ ವಾಹಿನಿಯಲ್ಲಿ ‘ಸೇತುಬಂಧ’ ಪಾಠಗಳು ಬಂದವು, ಬಳಿಕ ‘ಸಂವೇದ’. ಜೋಯಿಡಾದಂತಹ ಕಾಡಿನ ಸೀಮೆಗೆ ಇದರ ಉಪಯೋಗ ಹೆಚ್ಚು. ಮೊಬೈಲ್ ಗೋಪುರದ ಸಂಕೇತವನ್ನು ಗುಡ್ಡ ತಡೆಯುತ್ತದೆ. ಸುಮಾರು 36,000 ಕಿ.ಮೀ. ಎತ್ತರದ ಉಪಗ್ರಹದ ಸಂಕೇತವಾದರೋ, ಮರಗಳ ಮರೆಯಿಲ್ಲದ ಅಂಗಳದ ಡಿಷ್‌ಗೆ ನೇರವಾಗಿ ಇಳಿಯುತ್ತದೆ. ಆದರೆ ಮಗು ಕೈ ಎತ್ತಿದ್ದು ನಿರೂಪಕರಿಗೆ ಕಾಣುವುದಿಲ್ಲ. ಮನೆಯಲ್ಲಿ ಟಿ.ವಿ.ಯೇ ಇಲ್ಲದ ಮಗುವಿಗೆ ಪಾಠವೂ ಇಲ್ಲ.

ಇಲ್ಲಿಯೇ ನಿರೂಪಕರ ಹೊಣೆ ಇರುವುದು. “ಒದ್ದೆ ಬಟ್ಟೆಯನ್ನು ಹೊರಗೆ ಹರವಿ, ಒಂದು ಗಂಟೆಯಲ್ಲಿ ಒಣಗುತ್ತದೆ, ಇದೇ ಆವಿಯಾಗುವಿಕೆ” ಎಂದು ಸ್ಟುಡಿಯೋದಿಂದ ಹೇಳಿದರೆನ್ನಿ. ಜುಲೈ ಮಳೆಯಲ್ಲಿ ಜೋಯಿಡಾದ ಮಗುವಿನ ಬಟ್ಟೆ ಮೂರು ದಿನವಾದರೂ ಒಣಗದು. ತಪ್ಪು ತನ್ನದೇ ಎಂದು ಆ ಮಗು ಸುಮ್ಮನಾಗಬಹುದು. ಬಲ್ಲ ನಿರೂಪಕರು ಮುಂದುವರಿದು ಕೇಳುತ್ತಾರೆ: “ನಿಮ್ಮೂರಲ್ಲಿ ಒಣಗಲಿಲ್ಲವೇ? ಏಕಿರಬಹುದು?” ಗಾಳಿಯಲ್ಲಿ ಆಗಲೇ ತೇವ ತುಂಬಿದ್ದರೆ ನೀರು ನಿಧಾನವಾಗಿ ಆವಿಯಾಗುತ್ತದೆ. ಈಗ ಆ ಮಗುವಿನ ಅನುಭವವೇ ಪಾಠವಾಯಿತು.

ಭಾಷೆಯ ವಿಷಯವೂ ಹೀಗೆಯೇ. ಜೋಯಿಡಾದ ಮಗುವಿನ ಮನೆಮಾತು ಕೊಂಕಣಿ ಇರಬಹುದು, ಹಳಿಯಾಳದಲ್ಲಿ ಮರಾಠಿ, ದಾಂಡೇಲಿಯಲ್ಲಿ ಉರ್ದು, ಮುಂಡಗೋಡದಲ್ಲಿ ಟಿಬೆಟನ್. ಆದ್ದರಿಂದ ಮೊದಲು ವಸ್ತುವನ್ನು ತೋರಿಸಬೇಕು, ಬಳಿಕ ಸರಳ ಮಾತು, ಕೊನೆಗೆ ಪಾರಿಭಾಷಿಕ ಪದ. ಪ್ರಶ್ನೆ ಕೇಳಿದ ಮೇಲೆ ಯೋಚಿಸಲು ಕೆಲವು ಕ್ಷಣ ಬಿಡಬೇಕು.

ಈ ವೃತ್ತಿಗೆ ದಾರಿ ಒಂದೇ ಅಲ್ಲ. 2002ರಲ್ಲಿ ಚಂದನದಲ್ಲಿ ಆರಂಭವಾದ ‘ಥಟ್ ಅಂತ ಹೇಳಿ’ ರಸಪ್ರಶ್ನೆ ಕಾರ್ಯಕ್ರಮದ ಡಾ. ನಾ. ಸೋಮೇಶ್ವರ ಅವರು ಓದಿದ್ದು ವೈದ್ಯಶಾಸ್ತ್ರ. ಅಲ್ಲಿ ಸರಿಯುತ್ತರಕ್ಕೆ ಸಿಗುವ ಬಹುಮಾನ ಪುಸ್ತಕ! ಆದ್ದರಿಂದ ಕೈಗೆತ್ತಿಕೊಂಡ ವಿಷಯವನ್ನು ಮೊದಲು ಚೆನ್ನಾಗಿ ಓದಿ. ಮೈಕಿನ ಅಭ್ಯಾಸ ಬಳಿಕ ಬರುತ್ತದೆ.

ಇಂದೇ ಒಂದು ಪ್ರಯೋಗ ಮಾಡಿ. ಒಂದು ಪಾಠ ಓದಿ, ಪುಸ್ತಕ ಮುಚ್ಚಿ, ತಮ್ಮನಿಗೋ ತಂಗಿಗೋ ಮೂರು ನಿಮಿಷ ವಿವರಿಸಿ. ಅನಂತರ “ಈಗ ನೀನು ಹೇಳು” ಎನ್ನಿ. ಅವರು ತಡವರಿಸಿದ ಕಡೆ ನೀವು ಸರಿಯಾಗಿ ಹೇಳಿಲ್ಲವೆಂದೇ ತಿಳಿಯಿರಿ. ಇನ್ನೊಮ್ಮೆ, ಬೇರೆ ರೀತಿಯಲ್ಲಿ ಹೇಳಿ ನೋಡಿ.