ಧಾತು ಸಂವತ್ಸರ ಮತ್ತೆ ಬಂದರೆ ಬರವೂ ಬರುವುದೆ?

ನಮ್ಮ ವಾಚನಾಲಯಕ್ಕೆ ದಿನವೂ ಸಂಜೆ ಬರುವ ಹಿರಿಯರೊಬ್ಬರು ಮೊನ್ನೆ ಪಂಚಾಂಗವನ್ನು ತಿರುವುತ್ತಾ, “ಧಾತು ಸಂವತ್ಸರ ಇನ್ನೊಂದು ಸಲ ಬಂದೇ ಬರುತ್ತದಪ್ಪಾ. ಆಗ ನಮ್ಮ ಮೊಮ್ಮಕ್ಕಳ ಗತಿ ಏನೋ!” ಎಂದು ನಿಟ್ಟುಸಿರಿಟ್ಟರು. ಪಕ್ಕದಲ್ಲಿದ್ದ ತರುಣನು, “ಇದು ‘ಮಾನಾಡು’ ಸಿನಿಮಾ ಹಾಗೆಯೇ ಆಯಿತಲ್ಲ, ತಾತ” ಎಂದು ನಕ್ಕನು. 2021ರಲ್ಲಿ ತೆರೆಕಂಡ ಆ ತಮಿಳು ಚಿತ್ರದಲ್ಲಿ ನಾಯಕನು ಸತ್ತೊಡನೆ ಅದೇ ದಿನ ಮತ್ತೆ ಮೊದಲಿನಿಂದ ಆರಂಭವಾಗುತ್ತದೆ. ಒಬ್ಬರು ಭಯದಿಂದ, ಇನ್ನೊಬ್ಬರು ತಮಾಷೆಗೆ ಆಡಿದ ಮಾತಾದರೂ ಪ್ರಶ್ನೆ ಒಂದೇ: ಕಳೆದ ಕಾಲವು ಸುತ್ತಿ ಬರುವುದುಂಟೆ? ನನಗೆ ತಿಳಿದಷ್ಟನ್ನು ಇಲ್ಲಿ ವಿವರಿಸುತ್ತೇನೆ.

ಸಿನಿಮಾದ ದಿನವು ಕಲ್ಪನೆ. ಆದರೆ ಸುತ್ತಿ ಬರುವ ಒಂದು ಕಾಲಚಕ್ರವು ನಮ್ಮ ಮನೆಮನೆಯಲ್ಲಿಯೂ ಇದೆ; ಅದೇ ಪ್ರಭವದಿಂದ ಅಕ್ಷಯದವರೆಗಿನ 60 ಸಂವತ್ಸರಗಳು. ಗುರುಗ್ರಹವು ಆಕಾಶದಲ್ಲಿ ಒಂದು ಸುತ್ತು ಬರಲು ಸುಮಾರು 12 ವರ್ಷ ಬೇಕು. ಅಂಥ ಐದು ಸುತ್ತಿಗೆ 60 ವರ್ಷ. ಹೆಸರುಗಳು ಮುಗಿದೊಡನೆ ಮತ್ತೆ ಮೊದಲಾಗುತ್ತವೆ. 1927ರ ಯುಗಾದಿಯಂದು ಬಂದ ಪ್ರಭವವೇ 1987ರಲ್ಲಿಯೂ ಬಂದಿತು. ನಮ್ಮ ತಮಿಳು ನೆರೆಯವರಿಗೂ ಇವೇ ಹೆಸರುಗಳು. ಆದರೆ ಅವರದು ಸೌರಮಾನ, ನಮ್ಮದು ಚಾಂದ್ರಮಾನ. ಆದುದರಿಂದ 2025ರಲ್ಲಿ ನಾವು ಮಾರ್ಚಿ 30ರಂದು ವಿಶ್ವಾವಸುವಿಗೆ ಕಾಲಿಟ್ಟಾಗ, ಅವರು ಏಪ್ರಿಲ್ 14ರವರೆಗೆ ಹಿಂದಿನ ಕ್ರೋಧಿಯಲ್ಲಿಯೇ ಇದ್ದರು.

ಈ ಚಕ್ರದಿಂದ ಎರಡು ಅಪಾಯಗಳುಂಟು. ಮೊದಲನೆಯದು ಲೆಕ್ಕದ್ದು. ಹೆಸರು ಮಾತ್ರ ಬರೆದಿದ್ದರೆ ಅದು ಯಾವ ಸುತ್ತಿನದೆಂದು ತಿಳಿಯುವುದಿಲ್ಲ. ಬಳ್ಳಾರಿ ಕಡೆಯ ನಮ್ಮ ಊರಿನ ಮನೆಯಲ್ಲಿ ಒಂದು ಅಡವು ಪತ್ರವಿತ್ತು. ಅದರಲ್ಲಿದ್ದುದು “ಈಶ್ವರ ಸಂವತ್ಸರ” ಎಂದಷ್ಟೇ. ದೊಡ್ಡಪ್ಪನವರು ಅದನ್ನು 1877ರ ಬರಗಾಲದ್ದೆಂದರು, ತಂದೆಯವರು 1937ರದೆಂದರು. ಇದೇ ಜಗಳದಲ್ಲಿ ಎರಡು ಮನೆಯವರು ಮಾತು ಬಿಟ್ಟರು. ಕೊನೆಗೆ ಛಾಪಾ ಕಾಗದವನ್ನು ಬೆಳಕಿಗೆ ಹಿಡಿದು ನೋಡಿದರೆ ಅದರಲ್ಲಿದ್ದುದು ಜಾರ್ಜ್ ದೊರೆಯ ಮುದ್ರೆ, ವಿಕ್ಟೋರಿಯಾ ರಾಣಿಯದಲ್ಲ! ಸಾಲ ತೀರಿದ ರಶೀದಿಯೂ ಅದೇ ಪೆಟ್ಟಿಗೆಯ ತಳದಲ್ಲಿ ಸಿಕ್ಕಿತು. “ಶಕ 1859” ಎಂದು ನಾಲ್ಕು ಅಂಕಿ ಬರೆದಿದ್ದರೆ ಈ ಮನಸ್ತಾಪವೇ ಇರುತ್ತಿರಲಿಲ್ಲ. ಶಾಸನಗಳನ್ನು ಕೊರೆಸಿದ ಅನೇಕ ಅರಸರು ಸಂವತ್ಸರದ ಹೆಸರಿನೊಡನೆ ಶಕವರ್ಷವನ್ನೂ ಹಾಕಿಸಿದ್ದು ಸುಮ್ಮನೆ ಅಲ್ಲ.

ಎರಡನೆಯ ಅಪಾಯವು ಮನಸ್ಸಿನದು: ಹೆಸರು ಬಂದರೆ ಅದರೊಡನೆ ಹಳೆಯ ಕಷ್ಟವೂ ಬರುವುದೆಂಬ ಭಯ. 1876ರಲ್ಲಿ ಮಳೆ ಕೈಕೊಟ್ಟು, ಮೈಸೂರು ಸೀಮೆ, ಬಳ್ಳಾರಿ, ಮದರಾಸು ಪ್ರಾಂತಗಳೆಲ್ಲ ಕ್ಷಾಮಕ್ಕೆ ತುತ್ತಾದುವು. ನಾವು ಅದನ್ನು ಧಾತು ಈಶ್ವರದ ಬರ ಎನ್ನುತ್ತೇವೆ. ತಮಿಳರು ತಾದು ವರುಷದ ಪಂಜಮ್ ಎನ್ನುತ್ತಾರೆ. 1871ರ ಜನಗಣತಿಯಲ್ಲಿ 50 ಲಕ್ಷ ದಾಟಿದ್ದ ಮೈಸೂರಿನ ಜನಸಂಖ್ಯೆ 1881ರಲ್ಲಿ ಸುಮಾರು 42 ಲಕ್ಷಕ್ಕೆ ಇಳಿದಿತ್ತು. ಅಜ್ಜಿಯರ ಬಾಯಲ್ಲಿ ಆ ಹೆಸರು ಉಳಿದುದರಲ್ಲಿ ಆಶ್ಚರ್ಯವೇನೂ ಇಲ್ಲ.

ಆದರೆ ವಿಚಾರ ಮಾಡಿ ನೋಡೋಣ. ಧಾತು 1936ರಲ್ಲಿ ಬಂದಿತು, 1996ರಲ್ಲಿಯೂ ಬಂದಿತು. ಅಂಥ ಮಹಾಕ್ಷಾಮ ಬರಲಿಲ್ಲ. ಈಶ್ವರ ಎಂಬುದು ಮಂಗಳನಾಮ. ಆದರೂ 1877ರಲ್ಲಿ ಆ ಹೆಸರಿನ ವರ್ಷದಲ್ಲಿಯೇ ಜನ ಗುಂಪುಗುಂಪಾಗಿ ಸತ್ತರು. ಬಂಗಾಳದ 1943ರ ಕ್ಷಾಮವು ಸ್ವಭಾನು ಸಂವತ್ಸರದಲ್ಲಿ ಬಂದಿತು. ಹೆಸರಿಗೂ ಹಸಿವಿಗೂ ಸಂಬಂಧವಿಲ್ಲ.

ಹಾಗಾದರೆ ಸಂಬಂಧ ಯಾವುದಕ್ಕೆ? ಮಳೆ ಹೋದದ್ದು ನಿಜ. ಆದರೆ ವ್ಯಾಪಾರದಲ್ಲಿ ಕೈಹಾಕಬಾರದೆಂದು ಆಗಿನ ಸರ್ಕಾರವು ಧಾನ್ಯದ ರಫ್ತನ್ನು ತಡೆಯಲಿಲ್ಲ. ಪರಿಹಾರ ಕಾಮಗಾರಿಯಲ್ಲಿ ದುಡಿಯುವ ಗಂಡಾಳಿಗೆ ದಿನಕ್ಕೆ ಒಂದು ಪೌಂಡು, ಎಂದರೆ ಸುಮಾರು 450 ಗ್ರಾಂ ಧಾನ್ಯ ಮತ್ತು ಕೈಗೆ ಚಿಲ್ಲರೆ ಕಾಸು ಸಾಕೆಂದು 1877ರ ಆರಂಭದಲ್ಲಿ ಸರ್ ರಿಚರ್ಡ್ ಟೆಂಪಲ್ ಎಂಬ ಅಧಿಕಾರಿ ಗೊತ್ತುಮಾಡಿದನು. ಅಷ್ಟರಲ್ಲಿ ಮಣ್ಣು ಹೊರುವವನು ಬದುಕಲಾರನೆಂದು ಮದರಾಸಿನ ಆರೋಗ್ಯಾಧಿಕಾರಿ ಕಾರ್ನಿಷ್ ಪ್ರತಿಭಟಿಸಿದನು. ತಿರುಮಯಿಲೈ ರೈಲು ನಿಲ್ದಾಣದ ಕೆಳಗೆ ಕಪ್ಪಾಗಿ ನಿಂತಿರುವ ಬಕಿಂಗ್‌ಹ್ಯಾಮ್ ಕಾಲುವೆಯನ್ನು ನೀವೆಲ್ಲ ನೋಡಿದ್ದೀರಿ. ಕೂವಂ ಮತ್ತು ಅಡ್ಯಾರ್ ನದಿಗಳನ್ನು ಕೂಡಿಸುವ ಆ ಭಾಗವನ್ನು 1877-78ರಲ್ಲಿ ಅಗೆದವರು ಹೊಟ್ಟೆಗಿಲ್ಲದೆ ಬಂದ ಕೂಲಿಗಳೇ. ಕ್ಷಾಮದ ತರುವಾಯ 1880ರಲ್ಲಿ ಆಯೋಗವೊಂದು ವರದಿ ಕೊಟ್ಟಿತು. ಅದರಿಂದ ಕ್ಷಾಮ ಸಂಹಿತೆಗಳು ಹುಟ್ಟಿದುವು. ಮುಂದಿನ ಬರಕ್ಕೆ ಮೊದಲೇ ಸಿದ್ಧರಾಗಿರಬೇಕೆಂಬ ಪಾಠವನ್ನು ಬರೆದಿಟ್ಟುದು ಹೀಗೆ.

‘ಮಾನಾಡು’ ಚಿತ್ರದ ನಾಯಕನಿಗೂ ಇದ್ದ ಬಲ ಒಂದೇ: ಹಿಂದಿನ ಸುತ್ತಿನಲ್ಲಿ ಆದುದು ಅವನಿಗೆ ನೆನಪಿತ್ತು. ನಮಗೆ ಆ ನೆನಪನ್ನು ಕೊಡುವುದು ಬರಹ. ಧಾತು ಸಂವತ್ಸರ 2056ರ ಯುಗಾದಿಗೆ ಮತ್ತೆ ಬರುತ್ತದೆ; ಬರಲಿ. ಆ ಹೆಸರಿಗೆ ಶಾಂತಿ ಮಾಡಿಸುವ ಖರ್ಚಿನಲ್ಲಿ ಮನೆಗೆ ನಾಲ್ಕು ಸೇರು ಅಕ್ಕಿ ಕೂಡಿಡುವುದು ಮೇಲು.

ಊರಿಗೆ ಹೋದಾಗ ಹಳೆಯ ಪತ್ರ, ಜಾತಕಗಳನ್ನು ತೆಗೆದು ನೋಡಿರಿ. ಬರೀ ಸಂವತ್ಸರವಿದ್ದರೆ, ಹಿರಿಯರು ಬದುಕಿರುವಾಗಲೇ ಕೇಳಿ ತಿಳಿದು, ಬೇರೆ ಕಾಗದದಲ್ಲಿ ಇಸವಿಯನ್ನು ಬರೆದು ಜೊತೆಗಿಡಿರಿ. ತಿಳಿಯದಿದ್ದರೆ ಭಾನುವಾರ ಬೆಳಿಗ್ಗೆ ವಾಚನಾಲಯಕ್ಕೆ ತನ್ನಿರಿ. ಕೂತು ಲೆಕ್ಕ ಹಾಕೋಣ.