ಆರು ಗುಂಟೆಯ ರಾಜಿ

ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎನ್ನುತ್ತಾರೆ. ನಮ್ಮ ತಂದೆ ಗೆದ್ದವರು. ಹಿತ್ತಲಿನ ತೆಂಗಿನ ತೋಟದಲ್ಲಿ ಆರು ಗುಂಟೆ ಯಾರಿಗೆ ಸೇರಿದ್ದು ಎಂದು ಅವರಿಗೂ ದೊಡ್ಡಪ್ಪನಿಗೂ ದಾವೆ ಶುರುವಾದಾಗ ನಾನು ಎಸ್ಸೆಸ್ಸೆಲ್ಸಿ ಓದುತ್ತಿದ್ದೆ. ತೀರ್ಪು ಬರುವ ಹೊತ್ತಿಗೆ ಬಿ.ಎಡ್. ಮುಗಿಸಿ ಊರಿನ ಹೈಸ್ಕೂಲಿನಲ್ಲೇ ವಿಜ್ಞಾನದ ಮೇಷ್ಟ್ರಾಗಿದ್ದೆ. ಒಂದು ಗುಂಟೆಯೆಂದರೆ 33 ಅಡಿ ಉದ್ದ, 33 ಅಡಿ ಅಗಲ. 1,089 ಚದರ ಅಡಿ. ಆರು ಗುಂಟೆಯಲ್ಲಿ ಇದ್ದದ್ದು ಒಂದು ಬಾವಿ, ಎಂಟು ಹತ್ತು ಮರ.

ಡಿಕ್ರಿ ಬಂದ ದಿನ ಮನೆಯಲ್ಲಿ ಪಾಯಸ. ಜಿಲ್ಲಾ ನ್ಯಾಯಾಲಯಕ್ಕೆ ಮೇಲ್ಮನವಿ ಸಲ್ಲಿಸಲು 30 ದಿನ ಅವಕಾಶ; ದೊಡ್ಡಪ್ಪ ಅಷ್ಟರೊಳಗೆ ಸಲ್ಲಿಸಿದರು. ಮೊದಲ ಮೇಲ್ಮನವಿಯಲ್ಲಿ ಕಾನೂನಿನ ಜೊತೆಗೆ ಸಾಕ್ಷ್ಯವನ್ನೂ ಹೊಸದಾಗಿ ತೂಗಿ ನೋಡಬಹುದು ಎಂದು ವಕೀಲರು ಹೇಳಿದಾಗ ತಂದೆಯ ಮುಖ ಸಣ್ಣದಾಯಿತು. ನಮ್ಮದು ಬಾಯಿಮಾತಿನ ಪಾಲು, ಪತ್ರವಿಲ್ಲ. ಅಲ್ಲಿ ಗೆದ್ದರೂ, ಗಣನೀಯ ಕಾನೂನು ಪ್ರಶ್ನೆಯಿದ್ದರೆ ಹೈಕೋರ್ಟಿಗೆ ಎರಡನೇ ಮೇಲ್ಮನವಿ.

ಅಷ್ಟರಲ್ಲಿ ದೊಡ್ಡಪ್ಪ ತೀರಿಕೊಂಡರು. ಅವರ ಒಬ್ಬನೇ ಮಗ ಮೊದಲೇ ಹೋಗಿದ್ದ. ವಾರಸುದಾರರೆಂದು ದಾಖಲಾದವರು ಅತ್ತಿಗೆ ಮತ್ತು ಎಂಟನೇ ತರಗತಿಯ ಅವರ ಮಗ. ಹುಡುಗ ನನ್ನ ವಿದ್ಯಾರ್ಥಿ! ತಾಯಿಯ ಜೊತೆ ಅವನೂ ವಾಯಿದೆಗೆ ಹೋಗುತ್ತಿದ್ದ. ಮರುದಿನ ‘ಕೋರ್ಟು ಕೆಲಸ’ ಎಂದು ಬರೆದ ರಜಾಚೀಟಿಯನ್ನು ಮೇಜಿನ ಮೇಲಿಟ್ಟು ತಲೆಯೆತ್ತದೆ ನಿಲ್ಲುತ್ತಿದ್ದ. ಎದುರುಪಕ್ಷದ ಮನೆಯವನಾದ ನಾನೇ ಅದಕ್ಕೆ ಸಹಿ ಹಾಕಬೇಕು. ಇದನ್ನು ಮನೆಯಲ್ಲಿ ಹೇಳಿದೆ. ತಂದೆ ಎರಡು ದಿನ ಮಾತಾಡಲಿಲ್ಲ. ಮೂರನೆಯ ದಿನ, “ಆ ಮಗೂ ಜೊತೆ ನಾನು ಜಗಳ ಆಡಲೇನೋ?” ಎಂದರು.

ಗೆದ್ದ ಮೇಲೂ ರಾಜಿಯೇ ಎಂದು ಕೆಲವು ಪೋಷಕರು ಕೇಳಬಹುದು. ಸಿವಿಲ್ ಪ್ರಕ್ರಿಯಾ ಸಂಹಿತೆಯ 23ನೇ ಆದೇಶದ 3ನೇ ನಿಯಮದಂತೆ ದಾವೆಯಲ್ಲಿ ಆಗುವ ರಾಜಿ ಮೇಲ್ಮನವಿಯಲ್ಲೂ ಆಗಬಹುದು. 1976ರ ತಿದ್ದುಪಡಿಯ ನಂತರ ಅದು ಬರವಣಿಗೆಯಲ್ಲಿದ್ದು ಕಕ್ಷಿದಾರರ ಸಹಿ ಹೊಂದಿರಬೇಕು. ನ್ಯಾಯಾಲಯ ತೀರ್ಪು ಕೊಡುವುದಾದರೆ ಜಮೀನು ಯಾರದೆಂದು ಹೇಳುತ್ತಿತ್ತು, ಅಷ್ಟೇ. ರಾಜಿಯಲ್ಲಿ ಬಾವಿ ಸಹಿತ ನಾಲ್ಕು ಗುಂಟೆ ನಮಗೆ, ಎರಡು ಅವರಿಗೆ, ದಿನ ಬಿಟ್ಟು ದಿನ ಬಾವಿಯ ನೀರೂ ಅವರಿಗೆ ಎಂದು ಬರೆದುಕೊಂಡೆವು. ಮೊದಲ ಕರಡಿನಲ್ಲಿ ‘ದಕ್ಷಿಣದ ಎರಡು ಗುಂಟೆ’ ಎಂದಷ್ಟೇ ಇತ್ತು. ಎಲ್ಲಿಂದ ದಕ್ಷಿಣ? ಮೇಷ್ಟ್ರ ಚಾಳಿ, ನಾನು ಟೇಪು ಹಿಡಿದು ಅಳೆದು ಚಕ್ಕುಬಂದಿಯೊಡನೆ ನಕ್ಷೆ ಬರೆದು ಲಗತ್ತಿಸಿದೆ.

ಇಷ್ಟು ಅಳೆದವನಿಗೆ ಹೊಳೆಯದ್ದು ನ್ಯಾಯಾಧೀಶರಿಗೆ ಹೊಳೆಯಿತು. ಅಪ್ರಾಪ್ತ ವಯಸ್ಕರ ಪರವಾಗಿ ರಾಜಿಯಾಗಬೇಕಾದರೆ ನ್ಯಾಯಾಲಯದ ಅನುಮತಿ ಬೇಕು; ರಾಜಿ ಮಗುವಿನ ಹಿತಕ್ಕಾಗಿಯೇ ಎಂದು ಅದರ ವಕೀಲರು ಪ್ರಮಾಣಪತ್ರ ಕೊಡಬೇಕು. ಅನುಮತಿಯಿಲ್ಲದ ರಾಜಿಯನ್ನು ಮಗುವಿನ ಕಡೆಯಿಂದ ರದ್ದು ಮಾಡಿಸಬಹುದು. ನ್ಯಾಯಾಧೀಶರು ನಕ್ಷೆಯ ಮೇಲೆ ಬೆರಳಿಟ್ಟು, “ಈ ಹುಡುಗನ ಎರಡು ಗುಂಟೆಗೆ ದಾರಿ ಎಲ್ಲಿದೆ?” ಎಂದು ಕೇಳಿದರು. ಸುತ್ತ ಬೇರೆಯವರ ತೋಟ. ಅತ್ತಿಗೆಗೂ ಅದು ತೋಚಿರಲಿಲ್ಲ. ನಮ್ಮ ಪಾಲಿನ ಅಂಚಿನಲ್ಲಿ ಎಂಟು ಅಡಿ ದಾರಿ ಬಿಡುತ್ತೇವೆಂದು ಸೇರಿಸಿ, ಎಲ್ಲರೂ ಮತ್ತೆ ಸಹಿ ಮಾಡಿದೆವು.

ಸಹಿಗೆ ಮುಂಚೆ ಇಷ್ಟು ನೋಡಬೇಕಾದದ್ದು ಏಕೆಂದರೆ, ಒಪ್ಪಿಗೆಯ ಡಿಕ್ರಿಯ ಮೇಲೆ ಮೇಲ್ಮನವಿ ಇಲ್ಲ. ರಾಜಿ ಕಾನೂನುಬದ್ಧವಲ್ಲವೆಂದು ಬೇರೆ ದಾವೆ ಹೂಡುವಂತೆಯೂ ಇಲ್ಲ. ಮೋಸವಾಗಿದ್ದರೆ ಡಿಕ್ರಿ ಕೊಟ್ಟ ನ್ಯಾಯಾಲಯಕ್ಕೇ ಹೋಗಬೇಕು. ದಾವೆಯಲ್ಲಿಲ್ಲದ ಸ್ಥಿರಾಸ್ತಿಯನ್ನೂ ಸೇರಿಸಿದರೆ ನೋಂದಣಿಯ ವಿಚಾರ ಬರುತ್ತದೆ, ವಕೀಲರನ್ನು ಕೇಳಿಕೊಳ್ಳಿ. ಲೋಕ ಅದಾಲತ್‌ನಲ್ಲಿ ಇತ್ಯರ್ಥವಾದರೆ ಕೋರ್ಟು ಶುಲ್ಕ ವಾಪಸು ಸಿಗುತ್ತದೆ.

ಆ ಹುಡುಗನಿಗೀಗ ನಲವತ್ತು ದಾಟಿದೆ. ಬಾವಿ ಬತ್ತಿ ಎಷ್ಟೋ ವರ್ಷವಾಯಿತು, ನೀರಿನ ಸರದಿ ಕಾಗದದಲ್ಲಿ ಉಳಿದಿದೆ. ಕಾಯಿ ಕೆಡವಿದ ದಿನ ಅವನ ಟ್ರ್ಯಾಕ್ಟರು ಆ ಎಂಟು ಅಡಿ ದಾರಿಯಲ್ಲೇ ಬರುತ್ತದೆ.